ಮೂಲೆಯ ಆನೆ

ಹೆದರುವುದರಲ್ಲಿ ವೀರಮ್ಮನನ್ನು ಮೀರಿಸುವವರು ಭದ್ರಾವತಿಯ ನ್ಯೂ ಟೌನಿನಲ್ಲಿ ಯಾರೂ ಇರಲಿಲ್ಲ. ಕುಕ್ಕರ್ ಸೀಟಿ ಹೊಡೆಯುವುದು ಸ್ವಲ್ಪ ತಡವಾದರೆ ಅಡುಗೆಮನೆ ಬಿಟ್ಟು ಹಿತ್ತಲಿಗೆ ಓಡುವ ಹೆಂಗಸು. ಬಸ್ಸು ಸೇತುವೆ ದಾಟುವಾಗ ಕಣ್ಣು ಮುಚ್ಚಿ, ಕೊರಳಿನ ಇಷ್ಟಲಿಂಗದ ಕರಡಿಗೆಯನ್ನು ಸೆರಗಿನೊಳಗೆ ಗಟ್ಟಿಯಾಗಿ ಹಿಡಿದುಕೊಳ್ಳುತ್ತಿದ್ದಳು. ಹಾವು, ಹಲ್ಲಿ, ಗುಡುಗು, ಡಾಕ್ಟರು, ಹೊತ್ತಲ್ಲದ ಹೊತ್ತಿನಲ್ಲಿ ಬರುವ ಫೋನು, ಎಲ್ಲಕ್ಕೂ ಹೆದರಿ ಹೆದರಿ ಪಳಗಿದ ಜೀವ. ಆದರೆ ಇವೆಲ್ಲ ಚಿಲ್ಲರೆ ಹೆದರಿಕೆಗಳು. ಇಡಿಗಂಟಿನ ಹೆದರಿಕೆ ಒಂದೇ ಇತ್ತು, ಅದು ಚೆಸ್.

ಎದುರುಮನೆಯ ಸುಬ್ಬಲಕ್ಷ್ಮಿ ಇದನ್ನು ಕೇಳಿ ನಗುತ್ತಿದ್ದಳು. ಆಕೆಯದು ತಮಿಳು ಬೆರೆತ ಕನ್ನಡ. "ಅಯ್ಯೋ ವೀರಮ್ಮಾ, ಮರದ ಬೊಂಬೆ ಆಟಕ್ಕೆ ಯಾರಾದ್ರೂ ಭಯ ಪಡ್ತಾರಾ? ಅಡಿ ಇಲ್ಲೆ, ಒದೆ ಇಲ್ಲೆ!" ಅನ್ನುತ್ತಿದ್ದಳು. ಆಕೆಗೇನು, ಹೇಳುತ್ತಾಳೆ. ಆಕೆಯ ಮಕ್ಕಳು ಕಬಡ್ಡಿ ಆಡಿ ಮಂಡಿ ತರಚಿಕೊಂಡು ಬಂದರೆ ಅರಿಶಿನ ಮೆತ್ತಿದರೆ ಮುಗಿಯಿತು. ಚೆಸ್ಸಿನಲ್ಲಿ ಬಿದ್ದ ಪೆಟ್ಟಿಗೆ ಅರಿಶಿನ ಎಲ್ಲಿ ಅಂತ ಹಚ್ಚುವುದು?

ಆಟ ಮನೆಯೊಳಗೆ ಬಂದದ್ದು ಗಂಡ ಓಂಕಾರಪ್ಪನ ದೆಸೆಯಿಂದ. ಕಾರ್ಖಾನೆಯ ಕೆಲಸ ಮುಗಿಸಿ ಕ್ಲಬ್ಬಿಗೆ ಹೋಗಿ ಚೆಸ್ ಆಡುವುದು ಅವನ ಚಾಳಿ. ಒಬ್ಬಳೇ ಮಗಳು ರಶ್ಮಿ ನಡೆಯಲು ಕಲಿತ ಸ್ವಲ್ಪ ದಿನಕ್ಕೇ ಅವಳಿಗೂ ಕಾಯಿ ನಡೆಸಲು ಕಲಿಸಿದ. ಕ್ವಾರ್ಟರ್ಸಿನ ಗೋಡೆಯ ಮೇಲೆ ಬಸವಣ್ಣನವರ ಪಟದ ಪಕ್ಕದಲ್ಲೇ ಪೇಪರಿನಿಂದ ಕತ್ತರಿಸಿದ ಗ್ರ್ಯಾಂಡ್‌ಮಾಸ್ಟರುಗಳ ಫೋಟೋಗಳು ಬಂದು ಕೂತವು. ಊಟಕ್ಕೆ ಕೂತಾಗ ಸಾರನ್ನ ಕಲೆಸುತ್ತಾ ಅವರ ಚರಿತ್ರೆ ಹೇಳುವುದೆಂದರೆ ಅವನಿಗೆ ಎಲ್ಲಿಲ್ಲದ ಉಮೇದು: ಇವನು ಮೀಸೆ ಮೂಡುವ ಮೊದಲೇ ಗ್ರ್ಯಾಂಡ್‌ಮಾಸ್ಟರ್ ಆದ, ಅವನು ಜ್ವರದಲ್ಲೇ ಆಡಿ ಗೆದ್ದ, ಇನ್ನೊಬ್ಬ ಎರಡು ನಾರ್ಮ್ ಮಾಡಿ ಮೂರನೆಯದು ಸಿಗದೆ ಮುದುಕನಾದ. ಮಗಳಿಗೆ ಗೆದ್ದವರ ಕಥೆ ನೆನಪಿರುತ್ತಿತ್ತು. ವೀರಮ್ಮನಿಗೆ ಮುದುಕನಾದವನದು.

ಗ್ರ್ಯಾಂಡ್‌ಮಾಸ್ಟರ್ ಬಿರುದು ಸುಮ್ಮನೆ ಕೈಗೆ ಬರುವಂಥದ್ದಲ್ಲ. ಘಟಾನುಘಟಿಗಳು ಸೇರುವ ಟೂರ್ನಮೆಂಟಿನಲ್ಲಿ ಅವರಿಗೆ ಸರಿಸಮನಾಗಿ ಆಡಿ ತೋರಿಸಬೇಕು. ಹಾಗೆ ತೋರಿಸಿದರೆ ಒಂದು ನಾರ್ಮ್. ಅಂಥವು ಮೂರಾದರೆ ಬಿರುದು. ಈಗ ಇಪ್ಪತ್ತೆರಡರ ರಶ್ಮಿ ಮಹಿಳಾ ಗ್ರ್ಯಾಂಡ್‌ಮಾಸ್ಟರ್ ಆಗಲು ಎರಡು ನಾರ್ಮ್ ಮಾಡಿ ಕೂತಿದ್ದಳು. ಮೂರನೆಯದು ಹತ್ತಿರ ಬಂದು ಬಂದು ಕೊನೆಯ ಸುತ್ತಿನಲ್ಲಿ ಕೈ ತಪ್ಪುತ್ತಿತ್ತು. ಕೊನೆಯ ಸುತ್ತು ಅಂದರೆ ಸಾಕು, ಅವಳ ಬೆರಳು ತಣ್ಣಗಾಗುತ್ತಿದ್ದವು, ಗೆಲ್ಲುವ ಆಟವನ್ನೂ ಕೆಡಿಸಿಕೊಂಡು ಬರುತ್ತಿದ್ದಳು. ಆ ತಣ್ಣನೆಯ ಬೆರಳು ಎಲ್ಲಿಂದ ಬಂತೆಂದು ವೀರಮ್ಮನಿಗೆ ಗೊತ್ತಿತ್ತು. ಹೇಳಿರಲಿಲ್ಲ ಅಷ್ಟೆ.

ರಶ್ಮಿಗೆ ಒಂಬತ್ತು ವರ್ಷವಿದ್ದಾಗ ನಡೆದ ಸಂಗತಿ. ಆಗ ರಾಜ್ಯದ ಚಾಂಪಿಯನ್ ಆಗಿದ್ದ ಶಿವರಾಮ ಕಾರ್ಖಾನೆಯ ಕ್ಲಬ್ಬಿಗೆ ಬಂದಿದ್ದ. ಸುತ್ತಲೂ ಮೇಜು ಹಾಕಿಸಿ, ಊರಿನ ಆಟಗಾರರನ್ನೆಲ್ಲ ಕೂರಿಸಿ, ಒಬ್ಬನೇ ಒಂದೊಂದು ಮೇಜಿಗೂ ಹೋಗಿ ಎಲ್ಲರ ಜೊತೆ ಆಡಿದ. ಹೊತ್ತು ಕಳೆದಂತೆ ಒಬ್ಬೊಬ್ಬರೇ ಸೋತು ಎದ್ದರು. ಎರಡು ಜಡೆಯ ರಶ್ಮಿ ಮಾತ್ರ ಏಳಲಿಲ್ಲ. ಅವಳದು ಗೆಲ್ಲುವ ಆಟ ಅಂತ ಜನ ಅವಳ ಹಿಂದೆ ಗುಂಪುಗೂಡಿದರು. ವೀರಮ್ಮನೂ ಅವರ ನಡುವೆ ನಿಂತಿದ್ದಳು. ಶಿವರಾಮ ಆಚೆ ಮೇಜಿನಲ್ಲಿದ್ದಾಗ ಹುಡುಗಿ ರಾಣಿಯನ್ನು ಮುಟ್ಟಿದಳು, ಅದು ತಪ್ಪೆಂದು ಹೊಳೆದು ಕೈ ಹಿಂದಕ್ಕೆಳೆದು ಕುದುರೆ ನಡೆಸಿದಳು. ಶಿವರಾಮ ನೋಡಿರಲಿಲ್ಲ. ನೋಡಿದ್ದು ಅಪ್ಪ. "ಮುಟ್ಟಿದ್ಲು! ರಾಣಿ ಮುಟ್ಟಿದ್ಲು, ರಾಣೀನೇ ಆಡ್ಬೇಕು," ಅಂತ ಓಂಕಾರಪ್ಪ ಎಲ್ಲರ ಮುಂದೆ ಕೂಗಿ, ಕುದುರೆಯನ್ನು ತಾನೇ ಹಿಂದಿಡಿಸಿದ. ಮುಟ್ಟಿದ ಕಾಯಿಯನ್ನೇ ನಡೆಸಬೇಕು ಎನ್ನುವುದು ಆಟದ ನಿಯಮ, ನಿಜ. ಹುಡುಗಿ ಒಮ್ಮೆ ಅಪ್ಪನ ಮುಖ ನೋಡಿದಳು, ರಾಣಿ ಆಡಿದಳು, ಸೋತಳು. ಜನ ಓಂಕಾರಪ್ಪನ ಬೆನ್ನು ತಟ್ಟಿದರು, ಅಪ್ಪ ಅಂದರೆ ಹೀಗಿರಬೇಕು ಅಂದರು. ರಶ್ಮಿ ಅಳಲಿಲ್ಲ. ಮನೆಗೆ ಬಂದು ಜ್ವರ ಬಂದು ಮಲಗಿದಳು. ಬೆನ್ನು ತಟ್ಟಿದವರಲ್ಲಿ ಒಬ್ಬರಾದರೂ ಹಣೆಗೆ ಒದ್ದೆ ಬಟ್ಟೆ ಹಾಕಲು ಬಂದರೇ? ಅದಕ್ಕೆ ವೀರಮ್ಮನೇ ಬೇಕಾಯಿತು.

ಆ ಶಿವರಾಮ ಈಗ ಗ್ರ್ಯಾಂಡ್‌ಮಾಸ್ಟರ್. ಅವನೂ ಮೂರನೆಯ ನಾರ್ಮಿಗಾಗಿ ವರ್ಷಗಟ್ಟಲೆ ಒದ್ದಾಡಿದವನೇ. ಅದು ಸಿಕ್ಕಿದ ದಿನ ಪೇಪರಿನಲ್ಲಿ ಬಂದ ಫೋಟೋ ಓಂಕಾರಪ್ಪನ ಗೋಡೆಯ ಮೇಲೂ ಇತ್ತು. ಶಿವಮೊಗ್ಗದಲ್ಲಿ ಮೊಟ್ಟಮೊದಲ ಬಾರಿಗೆ ದೊಡ್ಡ ಟೂರ್ನಮೆಂಟ್ ಏರ್ಪಾಡಾಗಿ, ಅದರ ಕೊನೆಯ ಸುತ್ತಿನಲ್ಲಿ ರಶ್ಮಿಯ ಎದುರಾಳಿಯಾಗಿ ಬಂದವನೂ ಅವನೇ. ಡ್ರಾ ಮಾಡಿಕೊಂಡರೂ ಸಾಕಿತ್ತು, ಅವಳ ಮೂರನೆಯ ನಾರ್ಮ್ ಆಗುತ್ತಿತ್ತು.

ಹಿಂದೆಲ್ಲ ಮಗಳ ಜೊತೆ ಹೋಗುತ್ತಿದ್ದವನು ಓಂಕಾರಪ್ಪ. ಈ ಬೇಸಿಗೆಯಲ್ಲಿ ಅವನಿಗೆ ಎದೆನೋವು ಕಾಣಿಸಿಕೊಂಡಿತು. ಮಾತ್ರೆ ಬರೆದುಕೊಟ್ಟ ಡಾಕ್ಟರು, "ಮಗಳ ಆಟ ನೋಡೋದು ಮಾತ್ರ ಬೇಡ ಸ್ವಾಮಿ," ಅಂದರು. ಹಾಗಾಗಿ ಅವನು ಭದ್ರಾವತಿಯಲ್ಲಿ ಫೋನಿನ ಪಕ್ಕ ಕುರ್ಚಿ ಹಾಕಿಕೊಂಡು ಕೂತ. ಪುಕ್ಕಲು ವೀರಮ್ಮ ಮಗಳ ಬೆಂಗಾವಲಿಗೆ ಹೊರಟಳು.

ಸವಳಂಗ ರಸ್ತೆಯ ಒಂದು ಕಲ್ಯಾಣ ಮಂಟಪದಲ್ಲಿ ಆಟ. ಅಲ್ಲಿಯವರೆಗಿನ ಅಷ್ಟೂ ದಿನ ವೀರಮ್ಮ ಒಳಗೆ ಕಾಲಿಟ್ಟಿರಲಿಲ್ಲ. ಹಿಂದುಗಡೆಯ ಊಟದ ಹಾಲಿನಲ್ಲಿ, ಬೋರಲು ಹಾಕಿದ ಹಂಡೆಗಳ ಪಕ್ಕ ಕೂತು, ಜಪ ಮಾಡಿ ಕಾಲ ಕಳೆದಿದ್ದಳು. ಕೊನೆಯ ದಿನ ಬಸ್ಸಿನಲ್ಲಿ ರಶ್ಮಿ ಇದ್ದಕ್ಕಿದ್ದಂತೆ, "ಅಮ್ಮ, ಇವತ್ತು ನೀನು ಒಳಗೆ ಬಂದು ಕೂತ್ಕೋ," ಅಂದಳು.

"ನಾನಾ? ಬೇಡ ಮಾರಾಯ್ತಿ. ನನ್ನ ಹೆದರಿಕೆ ನಿನಗೂ ಅಂಟುತ್ತೆ."

"ಅಂಟೋಕೆ ಜಾಗ ಎಲ್ಲಿದೆ ಅಮ್ಮ? ನಂದೇ ತುಂಬಿದೆ," ಅಂದಳು ರಶ್ಮಿ. ನಗಲಿಲ್ಲ.

ಒಳಗೆ ಹೋಗಿ ನೋಡಿದರೆ ಸಾವಿನ ಮನೆಯಂಥ ಮೌನ. ಕೆಮ್ಮು ಬಂದವರೂ ಬಾಯಿಗೆ ಕರವಸ್ತ್ರ ಒತ್ತಿಕೊಂಡು ಆಚೆ ಹೋಗುತ್ತಿದ್ದರು. ವೇದಿಕೆಯ ಮೇಲೆ ಹಿಂದೆ ನಡೆದ ಯಾವುದೋ ಮದುವೆಯ ಥರ್ಮಾಕೋಲ್ ಅಕ್ಷರಗಳು ಹಾಗೇ ಇದ್ದವು. ಆಟಗಾರರಿಗೂ ನೋಡುವವರಿಗೂ ನಡುವೆ ಹಗ್ಗ ಕಟ್ಟಿದ್ದರು. ಹಗ್ಗದ ಈಚೆ ಇರುವವರು ತುಟಿ ಬಿಚ್ಚಬಾರದು, ಸನ್ನೆ ಮಾಡಬಾರದು ಅಂತ ಬಾಗಿಲಲ್ಲೇ ಹೇಳಿ ಕಳಿಸಿದ್ದರು. ವೀರಮ್ಮ ರಶ್ಮಿಯ ಮೇಜಿಗೆ ಹತ್ತಿರವಾದ ಕುರ್ಚಿಯ ತುದಿಯಲ್ಲಿ ಕೂತು ಕರಡಿಗೆ ಹಿಡಿದುಕೊಂಡಳು. ಪಕ್ಕದಲ್ಲಿ ಯಾರೋ ರಿಟೈರಾದ ಮೇಷ್ಟ್ರು ತೂಕಡಿಸುತ್ತಿದ್ದರು. ಪುಣ್ಯವಂತರು.

ಹೆದರುವವಳಾದರೂ ವೀರಮ್ಮನಿಗೆ ಆಟ ಗೊತ್ತಿಲ್ಲದೆ ಇರಲಿಲ್ಲ. ಓಂಕಾರಪ್ಪ ಕಾರ್ಖಾನೆಗೆ ಹೋದಾಗ ಮಗಳ ಎದುರು ಕೂತು ಕಾಯಿ ನಡೆಸುತ್ತಿದ್ದವಳು ಅವಳೇ. ಬಹಳ ಹೊತ್ತು ನೋಡಿದ ಮೇಲೆ ಆಟ ಸಮ ಇದೆ ಅಂತ ಅವಳಿಗೂ ಗೊತ್ತಾಯಿತು. ಒಂದೇ ಒಂದು ಕಡೆ ಎಚ್ಚರ ಬೇಕಿತ್ತು. ರಶ್ಮಿಯ ಎಡಮೂಲೆಯ ಆನೆ ತನ್ನ ಮುಂದಿನ ಕಾಲಾಳನ್ನು ಕಾಯುತ್ತಾ ನಿಂತಿತ್ತು. ದೂರದಿಂದ ಶಿವರಾಮನ ರಾಣಿ ಆ ಕಾಲಾಳಿನ ಮೇಲೆ ಕಣ್ಣಿಟ್ಟಿತ್ತು. ಆನೆ ಮೂಲೆ ಬಿಟ್ಟಿತೋ, ಕಾಲಾಳು ಹೋಯಿತು, ರಾಣಿ ಮನೆಯೊಳಗೆ ಬಂತು. ಆನೆ ಕದಲದಿದ್ದರೆ ಡ್ರಾ ಖಂಡಿತ. ನಿಂತಿರು ನಮ್ಮಪ್ಪ, ನೀನೊಂದು ನಿಂತಿರು ಅಂತ ವೀರಮ್ಮ ಆ ಮರದ ಆನೆಗೆ ಮನಸ್ಸಿನಲ್ಲೇ ಕೈ ಮುಗಿದಳು.

ಶಿವರಾಮ ತನ್ನ ನಡೆ ಆಡಿ, ಗಡಿಯಾರ ಒತ್ತಿ, ಬೇರೆ ಮೇಜುಗಳ ಆಟ ನೋಡಲು ಎದ್ದು ಹೋದ. ದೊಡ್ಡ ಆಟಗಾರರೆಲ್ಲ ಹಾಗೆ ಅಡ್ಡಾಡುತ್ತಾರೆ. ರಶ್ಮಿ ಆಟ ಬಿಗಿಯಾದಾಗ ಮನೆಯಲ್ಲಿ ಕೂರುವ ಹಾಗೆ ಎಡಗಾಲನ್ನು ಕುರ್ಚಿಯ ಮೇಲೆ ಮಡಿಸಿಕೊಂಡು ಕೂತಿದ್ದಳು. ಏನು ಆಡಬೇಕೆಂದು ತೀರ್ಮಾನವಾಯಿತೇನೋ, ಕಾಲು ಕೆಳಗಿಳಿಸಿದಳು. ಇಳಿಸುವಾಗ ಪಾದ ಮೇಜಿಗೆ ತಾಗಿ ಮಣೆ ಅಲುಗಿತು. ಅಲುಗಿದ್ದೇ ತಡ, ಅವಳ ಕೈ ತಾನಾಗಿ ಮುಂದೆ ಹೋಗಿ ಮೂಲೆಯ ಆನೆಯನ್ನು ಮುಟ್ಟಿತು, ಹಿಂದೆ ಬಂದು ಎರಡು ಕಣ್ಣಿಗೂ ಒತ್ತಿಕೊಂಡಿತು.

ವೀರಮ್ಮ ಕುರ್ಚಿಯಿಂದ ಅರ್ಧ ಎದ್ದು ಮತ್ತೆ ಕೂತಳು.

ಅದನ್ನು ಕಲಿಸಿದವಳು ಅವಳೇ. ಕ್ವಾರ್ಟರ್ಸಿನಲ್ಲಿ ಚಾಪೆ ಹಾಸಿ, ಮಣೆಯನ್ನು ನೆಲದ ಮೇಲಿಟ್ಟು ಆಡುವಾಗ ಮಗುವಿನ ಕಾಲು ಮಣೆಗೆ ತಾಗುತ್ತಲೇ ಇರುತ್ತಿತ್ತು. ಪುಸ್ತಕಕ್ಕೆ ಕಾಲು ತಾಗಿದರೆ ಏನು ಮಾಡುತ್ತೇವೋ ಇದಕ್ಕೂ ಅದೇ ಅಂತ ವೀರಮ್ಮ ತಾಕೀತು ಮಾಡಿದ್ದಳು. "ವಿದ್ಯೆ ಕಣೇ ಅದು. ಮುಟ್ಟಿ ಕಣ್ಣಿಗೊತ್ಕೋ." ಕಾಲಿಗೆ ಹತ್ತಿರವಿರುವುದು ಮೂಲೆಯ ಆನೆ, ಹಾಗಾಗಿ ಮಗುವಿನ ಕೈ ಯಾವಾಗಲೂ ಅದಕ್ಕೇ ಹೋಗುತ್ತಿತ್ತು. ಒಂದು ಸಲ ಸಕ್ರೆಬೈಲಿನ ಆನೆ ಬಿಡಾರಕ್ಕೆ ಹೋದಾಗ ನೀರಿನಲ್ಲಿ ಮಲಗಿದ್ದ ದೊಡ್ಡ ಆನೆಯನ್ನೂ ಮುಟ್ಟಿ ಕಣ್ಣಿಗೊತ್ತಿಕೊಂಡು ಮಾವುತರನ್ನೆಲ್ಲ ನಗಿಸಿದ್ದಳು. ಊರೂರಿನ ಟೂರ್ನಮೆಂಟುಗಳಲ್ಲಿ ಆಟ ಮೇಜಿನ ಮೇಲೆ, ಕಾಲು ಕೆಳಗೆ. ಒಮ್ಮೆಯೂ ತೊಂದರೆಯಾಗಿರಲಿಲ್ಲ. ಇವತ್ತು, ಇವತ್ತೇ ಆಗಬೇಕಿತ್ತೇ?

ಅಮ್ಮ ಕಲಿಸಿದ್ದು ಮುಟ್ಟಿ ಕಣ್ಣಿಗೊತ್ತಿಕೊಳ್ಳುವುದು. ಅಪ್ಪ ಕಲಿಸಿದ್ದು ಮುಟ್ಟಿದರೆ ಅದನ್ನೇ ಆಡುವುದು. ಇಷ್ಟು ವರ್ಷ ಒಂದೇ ಸೂರಿನಡಿ ಇದ್ದ ಎರಡು ಪಾಠಗಳು ಮೊದಲ ಸಲ ಎದುರುಬದುರಾಗಿ ನಿಂತಿದ್ದವು.

ವೀರಮ್ಮ ಸುತ್ತ ನೋಡಿದಳು. ಶಿವರಾಮ ಆ ತುದಿಯಲ್ಲಿ ಬೆನ್ನು ಹಾಕಿ ನಿಂತಿದ್ದ. ತೀರ್ಪುಗಾರರು ಇನ್ಯಾವುದೋ ಮೇಜಿನ ಹತ್ತಿರ ಬಗ್ಗಿದ್ದರು. ಮೇಷ್ಟ್ರು ಸಣ್ಣಗೆ ಗೊರಕೆ ಹೊಡೆಯುತ್ತಿದ್ದರು. ಯಾರೂ ನೋಡಿರಲಿಲ್ಲ. ಆಗ ರಶ್ಮಿ ತಲೆಯೆತ್ತಿದಳು. ತಾನು ಮಾಡಿದ್ದು ಅವಳಿಗೆ ಆ ಕ್ಷಣದಲ್ಲಿ ಅರಿವಾಗಿತ್ತು. ಹಗ್ಗದಾಚೆಯಿಂದ ನೇರವಾಗಿ ಅಮ್ಮನನ್ನು ನೋಡಿದಳು, ಕ್ಲಬ್ಬಿನಲ್ಲಿ ಅಪ್ಪನನ್ನು ನೋಡಿದ ಹಾಗೇ.

ವೀರಮ್ಮ ಜೀವಮಾನದಲ್ಲಿ ಅಷ್ಟು ಹೆದರಿರಲಿಲ್ಲ. ನಾನು ನೋಡಿದೆ ಅಂತ ಇವಳಿಗೆ ಗೊತ್ತಾದರೆ ಇವಳು ಆನೆಯನ್ನೇ ಆಡುತ್ತಾಳೆ, ಹಾಳಾಗುತ್ತಾಳೆ. ನಾನು ನೋಡೇ ಇಲ್ಲ. ನಾನೇನೂ ನೋಡಿಲ್ಲ, ಶಿವನೇ. ಹಾಗಂದುಕೊಂಡವಳೇ ವೀರಮ್ಮ ಸರಕ್ಕನೆ ಮುಖ ತಿರುಗಿಸಿ ವೇದಿಕೆಯ ಕಡೆ ನೋಡುತ್ತಾ ಕೂತಳು. ಥರ್ಮಾಕೋಲಿನಲ್ಲಿ ವಧುವಿನ ಹೆಸರಿತ್ತು, ವರನ ಹೆಸರಿತ್ತು, ನಡುವೆ ಒಂದು ಬಾಣ ಚುಚ್ಚಿದ ಹೃದಯವಿತ್ತು. ಅದನ್ನೇ ಓದಿದಳು, ಮತ್ತೆ ಓದಿದಳು. ಬೇರೆ ಏನಾದರೂ ಆಡು ಮಗಳೇ, ಕುದುರೆ ಆಡು, ಏನಾದರೂ ಆಡು. ಒಂಬತ್ತು ವರ್ಷದ ಹುಡುಗಿಗೆ ಕೊಡದೆ ಉಳಿದದ್ದನ್ನು ಈಗಲಾದರೂ ಕೊಡುತ್ತಿದ್ದೇನೆ, ತಗೋ.

ಹಿಂದಿನಿಂದ ಗಡಿಯಾರ ಒತ್ತಿದ ಸದ್ದು ಟಕ್ ಅಂತ ಕೇಳಿತು.

ಮುಖ ತಿರುಗಿಸಿ ನೋಡುವ ಧೈರ್ಯ ಬರಲು ಸ್ವಲ್ಪ ಹೊತ್ತೇ ಹಿಡಿಯಿತು. ನೋಡಿದಳು. ಎಡಮೂಲೆ ಖಾಲಿಯಾಗಿತ್ತು. ಆನೆ ಒಂದು ಮನೆ ಪಕ್ಕಕ್ಕೆ ಸರಿದು ನಿಂತಿತ್ತು.

ಶಿವರಾಮ ವಾಪಸು ಬಂದು ಮಣೆ ನೋಡಿ ನಿಂತೇಬಿಟ್ಟ. ಆಮೇಲೆ ನಿಧಾನಕ್ಕೆ ಕೂತ. ಇಷ್ಟು ಚೆನ್ನಾಗಿ ಆಡಿದ ಹುಡುಗಿ ಕಾಲಾಳನ್ನು ಪುಕ್ಕಟೆ ಬಿಟ್ಟಿದ್ದಾಳೆಂದರೆ ಒಳಗೆ ಏನೋ ಮಸಲತ್ತು ಇರಲೇಬೇಕು ಅಂತ ಆ ಮಹಾನುಭಾವನಿಗೆ ಅನುಮಾನ. ಹಣೆ ಉಜ್ಜಿಕೊಂಡ, ಕನ್ನಡಕ ತೆಗೆದು ಒರೆಸಿದ, ಗಡಿಯಾರ ನೋಡಿದ. ದೇಶವಿದೇಶ ಸುತ್ತಿ ಗೆದ್ದು ಬಂದವನು ಭದ್ರಾವತಿಯ ಹುಡುಗಿಯ ಒಂದು ನಡೆಗೆ ಬೆವರುತ್ತಿದ್ದ. ಬೇರೆ ದಿನವಾಗಿದ್ದರೆ ವೀರಮ್ಮನಿಗೆ ನಗು ಬರುತ್ತಿತ್ತು. ಈಗ ಅವಳಿಗೆ ಆಸೆ ಹುಟ್ಟಿತು: ಇವನು ಹೆದರಿಯೇ ಬಿಡಲಿ, ಹೆದರಿ ಸುಮ್ಮನಾಗಲಿ. ಆದರೆ ಎಷ್ಟು ಹುಡುಕಿದರೂ ಮಸಲತ್ತು ಸಿಗಬೇಕಲ್ಲ? ಕೊನೆಗೆ ಶಿವರಾಮ ರಾಣಿಯಿಂದ ಕಾಲಾಳನ್ನು ಹೊಡೆದ.

ಆಮೇಲೂ ರಶ್ಮಿ ಬಹಳ ಹೊತ್ತು ಹೋರಾಡಿದಳು. ಅಷ್ಟು ಚೆನ್ನಾಗಿ ಅವಳು ಹಿಂದೆಂದೂ ಆಡಿರಲಿಲ್ಲ ಅಂತ ವೀರಮ್ಮನಿಗೆ ಅನ್ನಿಸಿತು. ಆದರೂ ಸೋತಳು. ರಾಜನನ್ನು ಮಲಗಿಸಿ ಕೈ ಕುಲುಕಿದಳು.

"ಅಲ್ಲಮ್ಮಾ, ಆನೆ ಯಾಕೆ ತೆಗೆದೆ? ಡ್ರಾ ಇತ್ತಲ್ಲ," ಅಂತ ಶಿವರಾಮ ಮೆಲ್ಲಗೆ ಕೇಳಿದ. ವೀರಮ್ಮ ಅಷ್ಟರಲ್ಲಿ ಹಗ್ಗದ ಹತ್ತಿರ ಬಂದಿದ್ದಳು.

"ನೀವು ಆ ಕಡೆ ಹೋಗಿದ್ರಲ್ಲ ಸರ್, ಆಗ ಅದನ್ನ ಮುಟ್ಬಿಟ್ಟೆ," ಅಂದಳು ರಶ್ಮಿ.

ಶಿವರಾಮ ತನ್ನ ಪೆನ್ನು ಎತ್ತಿಕೊಳ್ಳುವುದನ್ನೂ ಮರೆತು ಎದ್ದು ಹೋದ.

ರಸ್ತೆಗೆ ಬಂದರೆ ಸಂಜೆಯ ಗಲಾಟೆ. ಹಣ್ಣಿನ ಗಾಡಿಗಳು, ಆಟೋಗಳು, ಟ್ಯೂಶನ್ ಬಿಟ್ಟ ಮಕ್ಕಳ ಸೈಕಲ್ಲುಗಳು. ತಾಯಿ ಮಗಳು ಇಬ್ಬರೂ ಎಸ್‌ಟಿಡಿ ಬೂತಿನ ಕಡೆ ನಡೆದರು. ಮನೆಯಲ್ಲಿ ಕಾಯುತ್ತಿರುವವನಿಗೆ ಹೇಳಬೇಕಲ್ಲ. ಬೂತಿನ ಬಾಗಿಲಲ್ಲಿ ರಶ್ಮಿ ನಿಂತಳು.

"ಅಮ್ಮ, ನೀನು ಮುಖ ತಿರುಗಿಸಿದ್ದು ಯಾಕೆ?"

ವೀರಮ್ಮ ಸುಳ್ಳು ಹೇಳಬಹುದಿತ್ತು. ಮೇಷ್ಟ್ರು ಕೆಮ್ಮಿದರು, ಆ ಕಡೆ ನೋಡಿದೆ ಅನ್ನಬಹುದಿತ್ತು. "ಹೆದರಿಕೆ ಆಯ್ತು ಕಣೇ. ನಾನು ನೋಡಿಲ್ಲ ಅಂತಾದ್ರೆ ನೀನು ಬೇರೆ ಆಡ್ತೀಯ ಅಂದ್ಕೊಂಡೆ."

"ನಂಗೆ ಗೊತ್ತಾಯ್ತು," ಅಂದಳು ರಶ್ಮಿ. "ಬೇರೇನೇ ಆಡೋಣ ಅಂತ ಕುದುರೆ ಹತ್ರ ಕೈ ತಗೊಂಡ್ ಹೋಗಿದ್ದೆ ಅಮ್ಮ. ಕೈ ಬರ್ಲೇ ಇಲ್ಲ."

ವೀರಮ್ಮ ನಂಬರು ಒತ್ತಿದಳು. ಆ ಕಡೆ ಮೊದಲ ರಿಂಗಿಗೇ ಓಂಕಾರಪ್ಪ ಎತ್ತಿದ.

"ಏನಾಯ್ತೇ?"

"ಮೊದ್ಲು ಸರಿಯಾಗಿ ಕೂತ್ಕೊಳ್ಳಿ. ಮಾತ್ರೆ ತಗೊಂಡ್ರಾ? ಸುಬ್ಬಲಕ್ಷ್ಮಿ ಇದ್ದಾಳಾ ಅಲ್ಲಿ?"

"ಸೋತ್ಲು ಅನ್ನು."

"ಹೂಂ."

ಅಷ್ಟಕ್ಕೇ ಇಟ್ಟುಬಿಡಬಹುದಿತ್ತು. ದೊಡ್ಡವರ ಎದುರು ಸೋತಳು, ಇದ್ದದ್ದೇ ಅಂತ ಅವನೂ ಸುಮ್ಮನಾಗುತ್ತಿದ್ದ. ಎದೆನೋವಿನ ಮನುಷ್ಯನಿಗೆ ಉಳಿದದ್ದನ್ನು ಹೇಳಬಹುದೋ ಬಾರದೋ ಅಂತ ಅವಳಿಗೆ ತಿಳಿಯಲಿಲ್ಲ. ಆದರೆ ಪಕ್ಕದಲ್ಲಿ ನಿಂತ ಮಗಳನ್ನು ನೋಡಿದ ಮೇಲೆ ಮುಚ್ಚಿಡಲು ಮನಸ್ಸು ಬರಲಿಲ್ಲ. ಕಾಲು ತಾಗಿದ್ದು, ಆನೆ ಮುಟ್ಟಿದ್ದು, ತಾನು ಮುಖ ತಿರುಗಿಸಿದ್ದು, ಮಗಳು ಆದರೂ ಅದನ್ನೇ ಆಡಿದ್ದು, ಎಲ್ಲವನ್ನೂ ಒಂದೇ ಉಸಿರಿಗೆ ಹೇಳಿದಳು. "ಬೈಯೋದಿದ್ರೆ ನನ್ನ ಬೈರಿ," ಅಂದಳು.

ಆ ಕಡೆಯಿಂದ ಸದ್ದಿಲ್ಲ. "ರೀ? ರೀ, ಇದ್ದೀರಾ? ಎದೆ ನೋಯ್ತಾ ಇದ್ಯಾ? ರೀ!"

"ಇದ್ದೀನಿ ಕಣೇ," ಅಂದ ಓಂಕಾರಪ್ಪ. ದನಿ ಅವನದೇ, ಆದರೆ ಅಷ್ಟು ಸಣ್ಣ ದನಿಯನ್ನು ಅವಳು ಕೇಳಿರಲಿಲ್ಲ. "ಆವತ್ತು ಕ್ಲಬ್ಬಲ್ಲಿ ನಾನೂ ಮುಖ ತಿರುಗಿಸ್ಬೇಕಿತ್ತು. ಒಂಬತ್ತು ವರ್ಷದ ಮಗು ಅದು."

ಈ ಮಾತಿಗಾಗಿ ವೀರಮ್ಮ ಇಷ್ಟು ವರ್ಷ ಕಾದಿದ್ದಳು. ಬಂದರೆ ಏನೇನೋ ಅನ್ನಬೇಕೆಂದು ಕೂಡಿಟ್ಟುಕೊಂಡಿದ್ದಳು. ಈಗ ಒಂದೂ ನೆನಪಾಗಲಿಲ್ಲ. "ನನಗ್ಯಾಕೆ ಹೇಳ್ತೀರಿ, ಅವಳಿಗೆ ಹೇಳಿ," ಅಂದು ರಿಸೀವರನ್ನು ಮಗಳ ಕಿವಿಗೆ ಹಿಡಿದಳು.

ಅಪ್ಪ ಏನು ಹೇಳಿದನೋ, ರಶ್ಮಿ ಬರೀ ಕೇಳಿಸಿಕೊಂಡಳು. ಒಮ್ಮೆ "ಹೂಂ ಅಪ್ಪ" ಅಂದಳು. ಮತ್ತೊಮ್ಮೆ ಅನ್ನಲು ಹೋಗಿ ಬೂತಿನ ಗಾಜಿಗೆ ಹಣೆ ಹಚ್ಚಿ ಬಿಕ್ಕಿ ಬಿಕ್ಕಿ ಅತ್ತಳು. ಕ್ಲಬ್ಬಿನಿಂದ ಮನೆಗೆ ಬಂದ ದಿನ ಅಳದೇ ಉಳಿದದ್ದೆಲ್ಲ ಈಗ ಬಂತು. ಬೂತಿನವನು ಗಾಬರಿಯಿಂದ ಇಣುಕಿದ. ವೀರಮ್ಮ ಅವನಿಗೆ ಆಚೆ ಹೋಗಲು ಕೈಸನ್ನೆ ಮಾಡಿ, ಸೆರಗಿನಿಂದ ಮಗಳ ಮುಖ ಒರೆಸಿದಳು.

ಭದ್ರಾವತಿಯ ಬಸ್ಸಿನಲ್ಲಿ ಕಿಟಕಿಯ ಪಕ್ಕ ಜಾಗ ಸಿಕ್ಕಿತು. "ಮುಂದಿನ ಟೂರ್ನಮೆಂಟಿಗೂ ನೀನೇ ಬಾ ಅಮ್ಮ," ಅಂದಳು ರಶ್ಮಿ. "ಆದ್ರೆ ನನ್ನನ್ನೇ ನೋಡ್ತಾ ಕೂರ್ಬೇಕು."

"ಬರ್ತೀನಿ," ಅಂದಳು ವೀರಮ್ಮ. ಅನ್ನುವಾಗಲೇ ಹೆದರಿಕೆ ಶುರುವಾಯಿತು. ಹಗ್ಗ, ಮೌನ, ಗಡಿಯಾರದ ಟಕ್ ಸದ್ದು, ಎಲ್ಲ ಇನ್ನೊಮ್ಮೆ. ಮೂರನೆಯ ನಾರ್ಮ್ ಸಿಗದೆ ಮುದುಕನಾದವನ ಕಥೆಯೂ ನೆನಪಾಯಿತು.

ರಶ್ಮಿ ಅಮ್ಮನ ಹೆಗಲಿಗೆ ಒರಗಿ ನಿದ್ದೆ ಹೋದಳು. ಬಸ್ಸು ತುಂಗೆಯ ಸೇತುವೆಯ ಮೇಲೆ ಹತ್ತಿತು. ವೀರಮ್ಮನ ಕೈ ಅಭ್ಯಾಸಬಲದಿಂದ ಕರಡಿಗೆ ಹುಡುಕಿತು. ಕೆಳಗೆ ನೀರು ಕಾಣುತ್ತಿತ್ತು. ಅವಳು ಕಣ್ಣು ಮುಚ್ಚಲಿಲ್ಲ.